ನಾರಿದರೂ ಅರೋಮ್ಯಾಟಿಕ್!

ಪ್ರಶ್ನೆ: ಮಗಳ ಪಿಯುಸಿ ಪುಸ್ತಕದಲ್ಲಿ ನುಸಿಗುಳಿಗೆಯ ನ್ಯಾಫ್ತಲೀನ್ ‘ಅರೋಮ್ಯಾಟಿಕ್’ ಎಂದಿದೆ. ಆ ಘಾಟಿಗೆ ಸುವಾಸನೆ ಅಂತಾರಾ?

ಉತ್ತರ: ಇದೇ ಗೊಂದಲ ನನಗೂ ಇತ್ತು. ಅಮ್ಮ ಬೀರುವಿನಿಂದ ರೇಷ್ಮೆ ಸೀರೆ ತೆಗೆದಾಗಲೆಲ್ಲ ಆ ಘಾಟು ಮೂಗಿಗೆ ಹೊಡೆಯುತ್ತಿತ್ತು.

ಹೆಸರು ಹುಟ್ಟಿದ್ದೇನೋ ವಾಸನೆಯಿಂದಲೇ. 19ನೇ ಶತಮಾನದಲ್ಲಿ ಕಹಿಬಾದಾಮಿ ಎಣ್ಣೆ, ಲೋಬಾನದಂಥ ಪರಿಮಳದ ವಸ್ತುಗಳಿಂದ ಸಿಕ್ಕ ಸಂಯುಕ್ತಗಳಿಗೆ ಅದು ಅಂಟಿಕೊಂಡಿತು. 1865ರಲ್ಲಿ ಜರ್ಮನ್ ರಸಾಯನವಿಜ್ಞಾನಿ ಕೆಕುಲೆ ಈ ಗುಂಪಿನದೇ ಆದ ಬೆಂಜೀನ್‌ಗೆ ಆರು ಇಂಗಾಲದ ಪರಮಾಣುಗಳ ಉಂಗುರವನ್ನು ಸೂಚಿಸಿದರು. ಆಮೇಲಾಮೇಲೆ ಅರ್ಥ ಮೂಗು ಬಿಟ್ಟು ಉಂಗುರಕ್ಕೆ ಬಂತು. ಈ ಉಂಗುರದ ಕೆಲವು ಎಲೆಕ್ಟ್ರಾನ್‌ಗಳು ಎರಡೇ ಪರಮಾಣುಗಳ ನಡುವೆ ನಿಲ್ಲುವುದಿಲ್ಲ, ಸುತ್ತಲೂ ಹರಡಿಕೊಂಡಿರುತ್ತವೆ. ಹಾಗಾಗಿ ಉಂಗುರ ಗಟ್ಟಿ, ಸುಲಭಕ್ಕೆ ಬಿಚ್ಚಿಕೊಳ್ಳದು. ಬೆಂಜೀನ್‌ನಲ್ಲಿ ಅಂಥವು 6, ಎರಡು ಉಂಗುರ ಬೆಸೆದ ನ್ಯಾಫ್ತಲೀನ್‌ನಲ್ಲಿ 10.

ಪಿರಿಡಿನ್ ಮೀನಿನಂತೆ ನಾರುತ್ತದೆ, ಆದರೂ ಅರೋಮ್ಯಾಟಿಕ್. ಬಾಳೆಹಣ್ಣಿನಂತೆ ಘಮ್ಮೆನ್ನುವ ಐಸೋಅಮೈಲ್ ಅಸಿಟೇಟ್ ಅಲ್ಲ, ಅದರಲ್ಲಿ ಉಂಗುರವೇ ಇಲ್ಲ. ಐಸ್‌ಕ್ರೀಮಿನ ವೆನಿಲಿನ್‌ಗೆ ಘಮವೂ ಇದೆ, ಉಂಗುರವೂ ಇದೆ. ಸೋಪಿನ ಪೊಟ್ಟಣದ ಮೇಲೆ ‘ಅರೋಮ್ಯಾಟಿಕ್’ ಅಂದರೆ ಬರೀ ಪರಿಮಳ, ಅಷ್ಟೇ. ಆದ್ದರಿಂದ ಮಗಳು ರಸಾಯನಶಾಸ್ತ್ರದ ಉತ್ತರದಲ್ಲಿ ‘ಪರಿಮಳಯುಕ್ತ’ ಎಂದು ಬರೆಯುವುದು ಬೇಡ. ಮೂವತ್ತು ವರ್ಷ ಪಾಠ ಮಾಡಿದ ನಾನು ಬೋರ್ಡಿನ ಮೇಲೆ ಮೊದಲು ಉಂಗುರ ಬರೆದೇ ಈ ಪದ ಹೇಳುತ್ತಿದ್ದೆ.