ಕಂಪ್ಯೂಟರ್ ‘ಖಾಲಿ ಡಿಸ್ಕ್’ ಅಂದರೆ ನಂಬಬೇಡಿ

ನಿಮ್ಮ ಪ್ರಶ್ನೆ ಓದುತ್ತಿದ್ದ ಹಾಗೆ ಹೊಟ್ಟೆ ಚುರ್ ಅಂತು. ಮದುವೆಯ ಡಿವಿಡಿ ಕಾಪಿ ಮಾಡುವಾಗ 61 ಪರ್ಸೆಂಟಿಗೆ ನಿಂತುಬಿಡುತ್ತೆ, ಹ್ಯಾಂಡಿಕ್ಯಾಮಿನ ಚಿಕ್ಕ ಡಿಸ್ಕನ್ನು ಕಂಪ್ಯೂಟರು ಖಾಲಿ ಅನ್ನುತ್ತೆ, ನಾಲ್ಕು ಸಾಫ್ಟ್‌ವೇರ್ ನೋಡಿದ್ದಾಯ್ತು, ಐದನೆಯದು ಯಾವುದು ಹಾಕಲಿ ಅಂತ ಕೇಳಿದ್ದೀರಿ. ಯಾವುದನ್ನೂ ಹಾಕಬೇಡಿ. ಮೊದಲು ಆ ಚಿಕ್ಕ ಡಿಸ್ಕನ್ನು ಡ್ರೈವಿನಿಂದ ಹೊರಗೆ ತೆಗೆಯಿರಿ, ಆಮೇಲೆ ಮುಂದಕ್ಕೆ ಓದಿ.

2008ರ ಮೇ ತಿಂಗಳು, ಸೋಮವಾರಪೇಟೆಯಲ್ಲಿ ನಮ್ಮಕ್ಕನ ಮದುವೆ. ಸ್ಟುಡಿಯೋದವರ ವಿಡಿಯೋ ಬೇರೆ ಇತ್ತು, ಅದರಲ್ಲಿ ಗುಲಾಬಿ ಹೂವು ತಿರುಗಿದ್ದೇ ಜಾಸ್ತಿ. ನಮಗೆ ಬೇಕಾದದ್ದೆಲ್ಲ ಇದ್ದದ್ದು ಮೈಸೂರಿನಿಂದ ಬಂದಿದ್ದ ದೊಡ್ಡಮ್ಮನ ಮಗನ ಕ್ಯಾಮೆರಾದಲ್ಲಿ. 8 ಸೆಂಟಿಮೀಟರ್ ಡಿಸ್ಕಿಗೇ ನೇರ ರೆಕಾರ್ಡ್ ಮಾಡುವಂಥದ್ದು, ಒಂದಕ್ಕೆ 1.4 ಜಿಬಿ, ಅರ್ಧ ಗಂಟೆಗೆ ಮುಗಿಯಿತು. ಹಾಗೆ ನಾಲ್ಕು ಡಿಸ್ಕು. ನಾಲ್ಕನೆಯದರಲ್ಲಿ ಊಟದ ಪಂಕ್ತಿ. ಅಜ್ಜಿ ಸೆರಗು ಅಡ್ಡ ಹಿಡಿದುಕೊಂಡು “ಹಲ್ಲಿಲ್ಲದ ಬಾಯಿ ತೆಗೀಬೇಡವೋ ಮಾರಾಯ” ಅಂತ ಬೈತಾ, ಆ ಕಡೆ ತಿರುಗಿ ಹೋಳಿಗೆ ನುಂಗಿದ್ದನ್ನು ಅವತ್ತು ರಾತ್ರಿ ಕ್ಯಾಮೆರಾದ ಪುಟಾಣಿ ಸ್ಕ್ರೀನಿನಲ್ಲಿ ನೋಡಿ ಎಲ್ಲರೂ ಬಿದ್ದು ಬಿದ್ದು ನಕ್ಕಿದ್ದೆವು. ಅಣ್ಣ ಡಿಸ್ಕುಗಳನ್ನು ನನಗೆ ಕೊಟ್ಟು, ಕ್ಯಾಮೆರಾ ತಗೊಂಡು ಮೈಸೂರಿಗೆ ಹೋದ.

ಜೂನ್ ಮಳೆ ಹಿಡಿದ ಮೇಲೆ ಕಂಪ್ಯೂಟರ್ ಮುಂದೆ ಕೂತೆ. ಮೊದಲ ಮೂರು ಓಡಿದವು. ನಾಲ್ಕನೆಯದಕ್ಕೆ ‘ಖಾಲಿ ಡಿಸ್ಕ್, ಫಾರ್ಮ್ಯಾಟ್ ಮಾಡಬೇಕಾ?’ ಅಂತು. ಬೇಡ ಅಂದೆ. ಎರಡನೇ ಸಾಫ್ಟ್‌ವೇರ್ ಹಾಕಿದೆ, ಖಾಲಿ. ಮೂರನೆಯದು, ಖಾಲಿ. ಮೂರು ಜನ ಸಾಕ್ಷಿ ಹೇಳಿದ ಮೇಲೆ ಇನ್ನೇನು? ಅಣ್ಣ ಅಸಲಿ ಡಿಸ್ಕನ್ನು ಮೈಸೂರಲ್ಲೇ ಇಟ್ಟುಕೊಂಡು ಖಾಲಿಯದನ್ನು ಕೊಟ್ಟಿದ್ದಾನೆ ಅಂತ ತೀರ್ಮಾನಿಸಿಬಿಟ್ಟೆ.

ಇಲ್ಲೇ ನಾನು ಎಡವಿದ್ದು, ಬಿಡಿಸಿ ಹೇಳುತ್ತೇನೆ ಕೇಳಿ. ಅವು ಮೂರು ಸಾಕ್ಷಿಗಳಾಗಿರಲಿಲ್ಲ. ಯಾವ ಸಾಫ್ಟ್‌ವೇರಿಗೂ ಸ್ವಂತ ಕಣ್ಣಿಲ್ಲ, ಡ್ರೈವ್ ಹೇಳಿದ್ದನ್ನೇ ಅದು ತನ್ನ ಬಾಯಲ್ಲಿ ಹೇಳುತ್ತೆ. ನಾನು ಒಂದೇ ಡ್ರೈವನ್ನು ಮೂರು ಸಲ ಕೇಳಿದ್ದೆ, ಅಷ್ಟೆ. ಡ್ರೈವ್ ಯಾಕೆ ಖಾಲಿ ಅಂತು? ಈ ಕ್ಯಾಮೆರಾಗಳು ರೆಕಾರ್ಡ್ ಮಾಡುವಾಗ ಚಿತ್ರವನ್ನು ಮಾತ್ರ ಬರೆಯುತ್ತವೆ. ಏನು ಎಲ್ಲಿದೆ ಅನ್ನುವ ಪಟ್ಟಿ ಬೇರೆ ಯಂತ್ರಗಳಿಗೆ ಕಾಣುವಂತಾಗುವುದು ಕೊನೆಗೆ ‘ಫೈನಲೈಸ್’ ಒತ್ತಿದಾಗ. ತೋಟದಲ್ಲಿ ಆಳುಗಳು ದಿನವಿಡೀ ಕೆಲಸ ಮಾಡಿದ್ದಾರೆ, ಚೆಕ್‌ರೋಲಿಗೆ, ಅಂದರೆ ಹಾಜರಿ ಪುಸ್ತಕಕ್ಕೆ, ಹೆಸರು ಹತ್ತಿಲ್ಲ. ಅದನ್ನು ಬರೆಯುವ ರೈಟರನ್ನು ಕೇಳಿದರೆ ಇವತ್ತು ಯಾರೂ ಬಂದೇ ಇಲ್ಲ ಅನ್ನುತ್ತಾನಲ್ಲ, ಹಾಗೆ. ಮದುವೆ ದಿನ ಬ್ಯಾಟರಿ ಮುಗಿದು ಅಣ್ಣ ನಾಲ್ಕನೆಯದನ್ನು ಫೈನಲೈಸ್ ಮಾಡಿರಲಿಲ್ಲ.

ಖಾಲಿ ಇದೆ, ಹಾಡಾದರೂ ತುಂಬಿಸೋಣ ಅಂತ ಹೊರಟೆ. ಬರ್ನ್ ಆಗಲಿಲ್ಲ, ಎರರ್. ಅದು ಡಿವಿಡಿ-ಆರ್‌ಡಬ್ಲ್ಯೂ, ಅಂದರೆ ಅಳಿಸಿ ಬರೆಯಬಹುದಾದದ್ದು. ಹಾಗಾದರೆ ಅಳಿಸು. ಕ್ವಿಕ್, ಫುಲ್ ಅಂತ ಎರಡು ಆಯ್ಕೆ. ಕ್ವಿಕ್ ಅಂದರೆ ಅವಸರದ ಕೆಲಸ, ಫುಲ್ ಅಂದರೆ ಅಚ್ಚುಕಟ್ಟು ಅಂದುಕೊಂಡು ಫುಲ್ ಒತ್ತಿದೆ. ಕ್ವಿಕ್ ಒತ್ತಿದ್ದರೆ ಬರೀ ಶುರುವಿನ ಭಾಗ ಹೋಗಿ ಉಳಿದದ್ದು ಡಿಸ್ಕಿನಲ್ಲೇ ಇರುತ್ತಿತ್ತು. ಸಾಲದ್ದಕ್ಕೆ, ಡಿಸ್ಕಿನ ಅಡಿಯಲ್ಲಿ ಒಂದು ಉಂಗುರದಂಥ ಬಣ್ಣದ ವ್ಯತ್ಯಾಸವನ್ನು ಕಣ್ಣಾರೆ ನೋಡಿದ್ದೆ! ಬರೆದ ಜಾಗ ಬೆಳಕಿಗೆ ಹಾಗೇ ಬೇರೆ ಕಾಣುತ್ತೆ. ನಮ್ಮಲ್ಲಿ ಮಳೆಗಾಲದಲ್ಲಿ ಚಪ್ಪಲಿ, ಬೆಲ್ಟು, ಪುಸ್ತಕ ಎಲ್ಲಕ್ಕೂ ಬೂಷ್ಟು ಹಿಡಿಯುತ್ತಲ್ಲ, ಇದೂ ಬೂಷ್ಟೇ ಅಂತ ಲುಂಗಿಯಲ್ಲಿ ಒರೆಸಿ ಒಳಗೆ ಹಾಕಿದ್ದೆ. ಹತ್ತು ನಿಮಿಷ ಸ್ಕ್ರೀನಿನ ಮೇಲೆ ಅಳಿಸುವ ಕೆಲಸದ ಪಟ್ಟಿ ಹಸಿರಾಗುತ್ತಾ ಹೋಯಿತು. ಜೂನ್ ತಿಂಗಳಲ್ಲಿ ಹತ್ತು ನಿಮಿಷ ಒಂದೇ ಸಮ ಕರೆಂಟ್ ಇರದ ಊರು ನಮ್ಮದು. ಅವತ್ತು ಮಾತ್ರ ಹೋಗಲಿಲ್ಲ.

ಸಂಜೆ ಅಣ್ಣನಿಗೆ ಫೋನ್ ಮಾಡಿದರೆ, “ಓ, ಅದನ್ನ ಕ್ಯಾಮೆರಾಕ್ಕೆ ಹಾಕಿ ಫೈನಲೈಸ್ ಮಾಡಬೇಕಿತ್ತು, ಕಳಿಸಿಕೊಡು” ಅಂದ. ಮೈಸೂರು ಬಸ್ ಹತ್ತಿದ್ದರೆ ಮುಗಿಯುತ್ತಿತ್ತು.

ನಿಮ್ಮ ಚಿಕ್ಕ ಡಿಸ್ಕಿಗೂ ಬೇಕಾದದ್ದು ಅದೇ ಕ್ಯಾಮೆರಾ. ಕೆಟ್ಟಿದ್ದರೆ ಅದೇ ಮಾಡೆಲ್ ಯಾರ ಅಟ್ಟದಲ್ಲಿದೆ ಹುಡುಕಿ. ಚಾರ್ಜರ್ ಸಿಕ್ಕಿಸಿಕೊಂಡೇ ಫೈನಲೈಸ್ ಮಾಡಿ, ಮಧ್ಯದಲ್ಲಿ ಬ್ಯಾಟರಿ ಕೈಕೊಟ್ಟರೆ ಕಥೆ ಮುಗಿಯಿತು. ಸಿಗಲೇ ಇಲ್ಲವಾದರೆ ಐಸೋಬಸ್ಟರ್ ಅನ್ನುವ ಸಾಫ್ಟ್‌ವೇರ್ ಇದೆ, ಫೈನಲೈಸ್ ಆಗದ ಡಿಸ್ಕನ್ನೂ ಓದಲು ನೋಡುತ್ತೆ, ದುಡ್ಡು ಕೊಡಬೇಕಾದೀತು.

61 ಪರ್ಸೆಂಟಿಗೆ ನಿಲ್ಲುವ ಮದುವೆ ಡಿವಿಡಿಯದು ಬೇರೆ ರೋಗ. ನೀವು ಹಾಕಿದಂಥ ಪ್ರೋಗ್ರಾಮುಗಳು ಕೆಟ್ಟ ಜಾಗ ಸಿಕ್ಕ ಕೂಡಲೇ ಅಲ್ಲೇ ತಲೆ ಚಚ್ಚಿಕೊಳ್ಳುತ್ತವೆ. ಆ ಡಿಸ್ಕನ್ನು ನೀರು, ಒಂದು ತೊಟ್ಟು ಪಾತ್ರೆ ಸೋಪಿನಲ್ಲಿ ತೊಳೆದು, ಮೆತ್ತಗಿನ ಹತ್ತಿ ಬಟ್ಟೆಯಲ್ಲಿ ನಡುವಿನಿಂದ ಅಂಚಿಗೆ ನೇರ ಒರೆಸಿ. ಸುತ್ತು ಸುತ್ತು ಒರೆಸಿದರೆ ಗೀರು ಟ್ರ್ಯಾಕಿನ ಉದ್ದಕ್ಕೇ ಬೀಳುತ್ತೆ, ಡ್ರೈವ್ ತಿದ್ದಿಕೊಂಡು ಓದಲಾಗುವುದಿಲ್ಲ. ಟೂತ್‌ಪೇಸ್ಟ್ ಹಚ್ಚಲಾ ಅಂತಾನೂ ಕೇಳಿದ್ದೀರಿ, ಅದನ್ನು ಹಲ್ಲಿಗೇ ಇಟ್ಟುಕೊಳ್ಳಿ. ಆಮೇಲೆ ಬೇರೆ ಡ್ರೈವ್ ಹುಡುಕಿ. ಸಾಫ್ಟ್‌ವೇರ್ ಅಲ್ಲ, ಡ್ರೈವ್! ಒಂದು ಡ್ರೈವ್ ಓದದ ಸೆಕ್ಟರನ್ನು, ಅಂದರೆ ಡಿಸ್ಕಿನ ಪುಟ್ಟ ತುಣುಕನ್ನು, ಇನ್ನೊಂದು ಓದುವುದುಂಟು. ವಿಂಡೋಸ್ ಥರದ್ದೇ ಇನ್ನೊಂದು ವ್ಯವಸ್ಥೆಯಾದ ಲಿನಕ್ಸಿನಲ್ಲಿ ಜಿಎನ್‌ಯು ಡಿಡಿ-ರೆಸ್ಕ್ಯೂ ಅಂತ ಒಂದು ಪ್ರೋಗ್ರಾಮ್ ಪುಕ್ಕಟೆ ಸಿಗುತ್ತೆ. ಅದು ಚೆನ್ನಾಗಿರುವುದನ್ನೆಲ್ಲ ಮೊದಲು ಎತ್ತಿಟ್ಟು, ಕೆಟ್ಟ ಜಾಗಕ್ಕೆ ಕೊನೆಗೆ ಬರುತ್ತೆ. ಎಲ್ಲಿವರೆಗೆ ಆಯಿತು ಅಂತ ಒಂದು ಮ್ಯಾಪ್ ಫೈಲಿನಲ್ಲಿ ಬರೆದಿಡುತ್ತೆ, ಕರೆಂಟ್ ಹೋಗಿ ಬಂದರೂ ಅಲ್ಲಿಂದಲೇ ಮುಂದುವರಿಯಬಹುದು. ಅದೇ ಮ್ಯಾಪ್ ಇಟ್ಟುಕೊಂಡು ಬೇರೆ ಡ್ರೈವಿನಲ್ಲಿ ಉಳಿದ ತೂತುಗಳನ್ನು ತುಂಬಿಸಿ. ಐಎಸ್‌ಒ, ಅಂದರೆ ಡಿಸ್ಕಿನ ಪೂರ್ತಿ ನಕಲಿರುವ ಫೈಲು, ಕೈಗೆ ಬಂದ ಮೇಲೆ ಹ್ಯಾಂಡ್‌ಬ್ರೇಕ್ ಅನ್ನುವ ಪ್ರೋಗ್ರಾಮಿಗೆ ಕೊಟ್ಟರೆ ಎಂಪಿ4 ವಿಡಿಯೋ ಆಗುತ್ತೆ. ಮತ್ತೆ ಡಿವಿಡಿಗೆ ಬರ್ನ್ ಮಾಡುವ ಯೋಚನೆ ಬಿಡಿ, ಎರಡು ಹಾರ್ಡ್ ಡಿಸ್ಕಿಗೆ ಹಾಕಿ ಒಂದನ್ನು ಬೇರೆಯವರ ಮನೆಯಲ್ಲಿಡಿ.

ಆ ಚಿಕ್ಕ ಡಿಸ್ಕಿನ ಮೇಲೆ ‘-ಆರ್’ (ಒಂದೇ ಸಲ ಬರೆಯಬಹುದಾದದ್ದು) ಅಂತಿದೆಯೋ ‘-ಆರ್‌ಡಬ್ಲ್ಯೂ’ ಅಂತಿದೆಯೋ ನೋಡಿ ತಿಳಿಸಿ. ಬಿಸಿಲಿಗೆ ಓರೆ ಹಿಡಿದಾಗ ಉಂಗುರ ಕಾಣುತ್ತಾ ಅದನ್ನೂ ಹೇಳಿ. ಒರೆಸಬೇಡಿ.