ಆರ್ಟ್ ನೂವೋ ಮತ್ತು ಆರ್ಟ್ ಡೆಕೊ ಶೈಲಿಗಳನ್ನು ಬೇರೆಬೇರೆಯಾಗಿ ಗುರುತಿಸುವುದು ಹೇಗೆ?

ಇವೆರಡೂ ಕಟ್ಟಡ, ಆಭರಣ, ಉಡುಪುಗಳಲ್ಲಿ ಕಾಣುವ ಅಲಂಕಾರ ಶೈಲಿಗಳು. ಮೊದಲು ರೇಖೆಯನ್ನು ಗಮನಿಸಿ: ಆರ್ಟ್ ನೂವೋದಲ್ಲಿ ಅದು ಬಳ್ಳಿಯಂತೆ ಬಳುಕುತ್ತದೆ, ಆರ್ಟ್ ಡೆಕೊದಲ್ಲಿ ಹೆಚ್ಚಾಗಿ ಅಳತೆಪಟ್ಟಿ ಹಿಡಿದು ಎಳೆದಂತಿರುತ್ತದೆ.

ಆರ್ಟ್ ನೂವೋ ವಾಸ್ತುಶಿಲ್ಪಿ ವಿಕ್ಟರ್ ಹೋರ್ಟಾ ಬ್ರಸೆಲ್ಸ್‌ನಲ್ಲಿ 1893ರಲ್ಲಿ ಕಟ್ಟಿದ ಟಾಸೆಲ್ ಭವನದ ಮೆಟ್ಟಿಲುಗಳ ಬಳಿ ಕಬ್ಬಿಣದ ಕಂಬವೇ ಗಿಡದ ಕಾಂಡದಂತೆ ಮೇಲೇರಿ ಕವಲೊಡೆಯುತ್ತದೆ; ಅದೇ ಬಳುಕು ಗೋಡೆಯ ಚಿತ್ರದಲ್ಲಿಯೂ ನೆಲದ ಮೊಸಾಯಿಕ್‌ನಲ್ಲಿಯೂ ಮುಂದುವರಿಯುವುದರಿಂದ, ಕಟ್ಟಡ ಎಲ್ಲಿ ಮುಗಿದು ಅಲಂಕಾರ ಎಲ್ಲಿ ಆರಂಭವಾಯಿತೆಂದು ಹೇಳುವುದೇ ಕಷ್ಟ. ಫ್ರೆಂಚ್ ವಾಸ್ತುಶಿಲ್ಪಿ ಎಕ್ತೋರ್ ಗಿಮಾರ್ 1900ರಿಂದ ರೂಪಿಸಿದ ಪ್ಯಾರಿಸ್ ಮೆಟ್ರೊ ದ್ವಾರಗಳೂ ಇದೇ ಬಗೆಯವು.

ಆಭರಣದಲ್ಲಿ ಫ್ರಾನ್ಸಿನ ಆಭರಣ ಕಲಾವಿದ ರೆನೆ ಲಾಲಿಕ್ ಮಾಡಿದ್ದು ನನ್ನ ದೃಷ್ಟಿಯಲ್ಲಿ ಇನ್ನೂ ದೊಡ್ಡ ಸಾಹಸ. ರತ್ನದ ಬೆಲೆಗಿಂತ ಕೈಕೆಲಸಕ್ಕೆ ಮಹತ್ವ ಕೊಟ್ಟ ಆತ, ಕೊಂಬು, ಗಾಜು, ಎನಾಮೆಲ್ (ಲೋಹದ ಮೇಲಿನ ಬಣ್ಣದ ಗಾಜಿನ ಲೇಪ) ಇವುಗಳನ್ನು ಚಿನ್ನಕ್ಕೆ ಸರಿಸಮನಾಗಿ ಬಳಸಿದನು. ಅರ್ಧ ಹೆಣ್ಣು, ಅರ್ಧ ಡ್ರ್ಯಾಗನ್‌ಫ್ಲೈ (ನಮ್ಮ ಏರೋಪ್ಲೇನ್ ಚಿಟ್ಟೆ) ರೂಪದ ಅವನ ಎದೆಯಾಭರಣವು ಲಿಸ್ಬನ್‌ನ ಗುಲ್ಬೆಂಕಿಯನ್ ವಸ್ತುಸಂಗ್ರಹಾಲಯದ ಸಂಗ್ರಹದಲ್ಲಿದೆ.

ಆರ್ಟ್ ಡೆಕೊಗೆ ಹೆಸರು ಬಂದದ್ದು 1925ರ ಪ್ಯಾರಿಸ್ ಅಲಂಕಾರಿಕ ಕಲೆಗಳ ಪ್ರದರ್ಶನದಿಂದ. ಅಂಕುಡೊಂಕು ಪಟ್ಟಿಗಳು, ಸೂರ್ಯಕಿರಣಗಳು, ಮೆಟ್ಟಿಲಾಕಾರದ ಶಿಖರಗಳು ಅದರ ಗುರುತು. ಒಡವೆಗಳಲ್ಲಿ ಪ್ಲಾಟಿನಂ, ವಜ್ರ ಮತ್ತು ಕಪ್ಪು ಓನಿಕ್ಸ್ ಕಲ್ಲುಗಳ ಜ್ಯಾಮಿತೀಯ ಜೋಡಣೆ. ಉಡುಪಿನಲ್ಲಿಯೂ, 1900ರ ಕಾಲದ ಸೊಂಟ ಬಿಗಿಯುವ ಕಾರ್ಸೆಟ್‌ನ ವಕ್ರರೇಖೆ ಹೋಗಿ, 1920ರ ದಶಕದಲ್ಲಿ ಸೊಂಟವನ್ನೇ ಮರೆಸುವ ನೇರ ನಿಲುವಂಗಿ ಬಂದಿತು.