ಫೋಟೋಗ್ರಾಫರ್ ಹೇಳಿದ ಅಂತ ಹಿಮ್ಮಡಿ ಹಾಳು ಮಾಡಿಕೊಳ್ಳಬೇಕಾ?

ಹುಬ್ಬಳ್ಳಿಯಿಂದ ಬಂದ ಒಂದು ಪತ್ರ ಓದಿ ಸಿಟ್ಟು ಬಂತು. ಬರೆದವಳ ಮೇಲಲ್ಲ.

ಸಂಗತಿ ಇಷ್ಟು. ಹುಡುಗಿಗೆ 27 ವರ್ಷ, ಸೀರೆ ಅಂಗಡಿಯಲ್ಲಿ ಕೆಲಸ, ಮುಂದಿನ ತಿಂಗಳು ಮದುವೆ. ಹುಡುಗ ಆರಡಿ, ಈಕೆ ಐದಡಿ. 'ಜೋಡಿ ಫ್ರೇಮಲ್ಲಿ ಕೂರಲ್ಲ, ನಾಲ್ಕಿಂಚಿನ ಹೀಲ್ಸ್ ಹಾಕಿಸಿ' ಅಂತ ಫೋಟೋಗ್ರಾಫರ್ ಅಪ್ಪಣೆ ಮಾಡಿದ್ದಾನೆ. ನಾದಿನಿ ಆಗುವವರು ಅದನ್ನೇ ಹಿಡಿದು 5,000 ರೂಪಾಯಿಯ ಬಂಗಾರದ ಬಣ್ಣದ ಜೋಡು ಆರಿಸಿಟ್ಟಿದ್ದಾರೆ. ದುಡ್ಡು ಮಾತ್ರ ಹುಡುಗಿಯದು! ಈಕೆಗೆ 600 ರೂಪಾಯಿಯ ಚಪ್ಪಟೆ ಚಪ್ಪಲಿ ಸಾಕು. 'ಇಷ್ಟಕ್ಕೆಲ್ಲ ಯಾಕೆ ಜಗಳ, ಅವರು ಹೇಳಿದ್ದನ್ನೇ ಹಾಕ್ಕೊಳ್ಳಲಾ?' ಅಂತ ಕೇಳಿದ್ದಾಳೆ.

ತಂಗಿ, ನಾದಿನಿ ವಿಷಯ ಆಮೇಲೆ. ಪತ್ರದ ಕೊನೆಯಲ್ಲಿ ಕಂಸದೊಳಗೆ ಒಂದು ಮಾತು ಸೇರಿಸಿದ್ದೀಯ: 'ಬೆಳಿಗ್ಗೆ ಎದ್ದಾಗ ಹಿಮ್ಮಡಿ ಚುಚ್ಚುತ್ತೆ, ನಾಲ್ಕು ಹೆಜ್ಜೆ ನಡೆದರೆ ಸರಿಹೋಗುತ್ತೆ.' ಅದನ್ನೇ ಮೊದಲು ಬರೆಯಬೇಕಿತ್ತು. ಪಾದದಡಿ ಹಿಮ್ಮಡಿಯಿಂದ ಬೆರಳುಗಳ ಕಡೆಗೆ ಒಂದು ದಪ್ಪ ಪಟ್ಟಿ ಇರುತ್ತದೆ. ದಿನವಿಡೀ ನಿಂತು ಕೆಲಸ ಮಾಡುವವರಿಗೆ ಅದು ನೊಂದು, ಬೆಳಗಿನ ಮೊದಲ ಹೆಜ್ಜೆಗೇ ಹೀಗೆ ಚುಚ್ಚುವುದುಂಟು. ಡಾಕ್ಟರು ಇದಕ್ಕೆ ಪ್ಲಾಂಟರ್ ಫ್ಯಾಸಿಯೈಟಿಸ್ ಅನ್ನುತ್ತಾರೆ. ನಿನ್ನದೂ ಅದೇನಾ ಅಂತ ಅವರೇ ನೋಡಿ ಹೇಳಲಿ. ಆದರೆ ಈ ಕಾಲಿಟ್ಟುಕೊಂಡು ನಾಲ್ಕಿಂಚು ಹತ್ತುವ ಮಾತೇ ಬೇಡ.

ಹಾಗಂತ ನಿನ್ನ 600 ರೂಪಾಯಿಯ ಚಪ್ಪಲಿಗೂ ನನ್ನ ವೋಟಿಲ್ಲ. ತೆಳು ಅಟ್ಟೆಯ ಚಪ್ಪಟೆ ಚಪ್ಪಲಿ ಈ ನೋವಿಗೆ ಒಳ್ಳೆಯದಲ್ಲ, ನೆಲದ ಗಟ್ಟಿಯೆಲ್ಲ ನೇರ ಹಿಮ್ಮಡಿಗೇ ಬಡಿಯುತ್ತದೆ. ಹೊಸ ಕೊಲ್ಹಾಪುರಿಯೂ ಬೇಡ. ಅಥಣಿ ಕಡೆ ಹೊಲಿಯುವ ಆ ಚಪ್ಪಲಿ ನನಗೆ ಪ್ರಾಣ. 2019ರಲ್ಲಿ ಅದಕ್ಕೆ ಜಿಐ, ಅಂದರೆ ಇಂಥ ಊರಿನದೇ ಸರಕು ಅನ್ನುವ ಭೌಗೋಳಿಕ ಗುರುತಿನ ಮಾನ್ಯತೆ ಬಂದಾಗ ಮಹಾರಾಷ್ಟ್ರದ ಜೊತೆ ನಮ್ಮ ಬೆಳಗಾವಿ, ಧಾರವಾಡ, ಬಾಗಲಕೋಟೆ, ವಿಜಯಪುರಕ್ಕೂ ಪಾಲು ಸಿಕ್ಕಿತು ಅಂತ ಬೀಗಿದ್ದೂ ಉಂಟು. ಆದರೆ ಅದರ ಚರ್ಮ ಪಳಗುವವರೆಗೆ ಕಾಲು ಕಚ್ಚುತ್ತದೆ.

ಇನ್ನು ಆ ಫೋಟೋಗ್ರಾಫರ್. ಈ ಅಂಕಣದಲ್ಲಿ ಎಷ್ಟು ಸಲ ಹೇಳಿದರೂ ನನಗೆ ಸಾಕಾಗಿಲ್ಲ: ಮದುವೆ ಮನೆಯ ಯಜಮಾನ ಫೋಟೋಗ್ರಾಫರ್ ಅಲ್ಲ. ಧಾರೆಗೂ ಸಪ್ತಪದಿಗೂ ನೀನು ಬರಿಗಾಲಲ್ಲೇ ಇರುತ್ತೀಯ. ಜೋಡು ಬೇಕಾಗುವುದು ಹಿಂದಿನ ಸಂಜೆಯ ರಿಸೆಪ್ಷನ್‌ಗೆ ಮಾತ್ರ. ಅಲ್ಲೂ ಸೀರೆಯ ಅಂಚು ಅದನ್ನು ಮುಚ್ಚಿರುತ್ತದೆ. ಯಾರಿಗೂ ಕಾಣದ ಚಪ್ಪಲಿಗೆ 5,000! ಹಲಗೆ ಜೋಡಿಸಿ ಮೇಲೆ ಕಾರ್ಪೆಟ್ ಎಳೆದ ಸ್ಟೇಜಿನಲ್ಲಿ ಚೂಪು ಹೀಲ್ ಸಂದಿಗೆ ಸಿಕ್ಕರೆ ಕಾಲು ಉಳುಕುವುದು ನಿನ್ನದು, ಅವನದಲ್ಲ. ಎತ್ತರ ಅಷ್ಟು ಮುಖ್ಯವಾದರೆ ಅವನೇ ಒಂದು ಮರದ ಪೆಟ್ಟಿಗೆ ತರಲಿ, ನೀನು ಅದರ ಮೇಲೆ ನಿಲ್ಲು. ಇಲ್ಲವಾ, ಕೂರಿಸಿ ತೆಗೆಯಲಿ.

ನಾದಿನಿಯನ್ನು ಜಾಸ್ತಿ ಬೈಯಲಾರೆ. ಪಾಪ, ತಮ್ಮನ ಮದುವೆಯ ಉಮೇದು. ನಿನ್ನ ಹಿಮ್ಮಡಿ ವಿಷಯ ಅವರಿಗೆ ಗೊತ್ತೇ ಇಲ್ಲ, ಅಲ್ವಾ? ಹೇಳು. 'ಅಕ್ಕಾ, ಕಾಲು ನೋವಿದೆ, ಡಾಕ್ಟರ್ ಹತ್ರ ಹೋಗ್ತಿದೀನಿ, ಆಮೇಲೆ ನೀವೇ ಬನ್ನಿ, ಬೇರೆ ಜೋಡು ಆರಿಸೋಣ' ಅನ್ನು.

ಮಾಡಬೇಕಾದ್ದು ಒಂದೇ. ಡಾಕ್ಟರಿಗೆ ತೋರಿಸಿದ ಮೇಲೆ, ಈ ವಾರವೇ ಒಂದು ದಿನ ಕೆಲಸ ಮುಗಿಸಿ ಸಂಜೆ, ಕಾಲು ಊದಿರುವಾಗಲೇ ಅಂಗಡಿಗೆ ಹೋಗು. ಮೆತ್ತನೆ ಅಟ್ಟೆ, ಒಂದು ಒಂದೂವರೆ ಇಂಚು ಎತ್ತರದ ಅಗಲ ಹೀಲ್, ಹಿಂದೆ ಪಟ್ಟಿ ಇರುವುದನ್ನು ಕೇಳು. ಎರಡೂ ಕಾಲಿಗೆ ಹಾಕಿ ಅಂಗಡಿಯೊಳಗೆ ಓಡಾಡು. 'ಹಾಕ್ತಾ ಹಾಕ್ತಾ ಸಡಿಲ ಆಗುತ್ತೆ ಮೇಡಂ' ಅಂದರೆ ಅಲ್ಲೇ ಬಿಟ್ಟು ಬಾ. ಸಿಕ್ಕಿದ್ದನ್ನು ಮದುವೆಯವರೆಗೂ ದಿನಾ ಮನೆಯಲ್ಲಿ ಹಾಕಿಕೊಂಡು ಓಡಾಡು, ರಿಸೆಪ್ಷನ್ ಸೀರೆಯನ್ನು ಅದೇ ಜೋಡು ಹಾಕಿ ಉಡು. ಡಾಕ್ಟರ್ ಚೀಟಿ ಮಾತ್ರ ನಾಳೆಯೇ ಬರೆಸು.